ಬಾವುಟದ ಮೇಲೆ ಒಂದು ಗೇಣು

ಮಸ್ಕಿ

ಜಪಾನಿಗೆ ಹೋಗಿ ಬಂದೆ ಎಂದರೆ ನಮ್ಮ ಕಡೆಯವರು ಕೇಳುವುದು ಎರಡೇ ಪ್ರಶ್ನೆ. ಹಾವು ತಿಂದೆಯೋ ಇಲ್ಲವೋ, ರೇಡಿಯೋ ತಂದೆಯೋ ಇಲ್ಲವೋ. ಎರಡಕ್ಕೂ ಇಲ್ಲ ಎಂದರೆ ಮುಖ ತಿರುಗಿಸಿಕೊಂಡು ಚಹಾ ಕುಡಿಯುತ್ತಾರೆ. ಯಾಕೆ ಹೋಗಿದ್ದೆ ಎಂದು ಯಾರೂ ಕೇಳಲಿಲ್ಲ. ಕೇಳದಿದ್ದರೂ ಹೇಳುತ್ತೇನೆ. ನಾನು ಹೋದದ್ದು ಒಬ್ಬ ಮನುಷ್ಯನ ಹೆಸರು ಕೇಳುವುದಕ್ಕೆ.

ಸರಕಾರದ ಕಣ್ಣಿಗೆ ಮಾತ್ರ ನಾನು ದೊಡ್ಡಾಟ ಆಡಲು ಹೋದವನು. ಹಗಲು ಸಿಂಧನೂರಿನ ಅಕ್ಕಿ ಗಿರಣಿಯಲ್ಲಿ ಮಷೀನು ನೋಡಿಕೊಳ್ಳುತ್ತೇನೆ, ಸುಗ್ಗಿ ಮುಗಿದ ಮೇಲೆ ಮಸ್ಕಿಯ ಮೇಳದಲ್ಲಿ ಸಾರಥಿಯ ಪಾತ್ರ ಮಾಡುತ್ತೇನೆ. ದೊಡ್ಡಾಟ ನೋಡದವರಿಗೆ ಒಂದು ಮಾತು ಹೇಳಬೇಕು. ನಮ್ಮ ಆಟದಲ್ಲಿ ರಾಜನಾಗಲಿ ರಾಕ್ಷಸನಾಗಲಿ ತಾನಾಗಿ ತನ್ನ ಹೆಸರು ಹೇಳುವಂತಿಲ್ಲ. ಕುಣಿಯಬಹುದು, ಹಲ್ಲು ಕಡಿಯಬಹುದು, ರಂಗದ ಅಟ್ಟದ ಹಲಗೆ ಮುರಿಯುವ ಹಾಗೆ ಹೆಜ್ಜೆ ಹಾಕಬಹುದು. ಆದರೆ ಸಾರಥಿ ಎದುರಿಗೆ ಕೈಕಟ್ಟಿ ನಿಂತು, "ತಾವು ಧಾರು? ತಮ್ಮ ನಾಮಾಂಕಿತವೇನು?" ಎಂದು ಕೇಳುವ ತನಕ ಅವನು ಯಾರೂ ಅಲ್ಲ. ಕೇಳಿದ ಮೇಲೆ ತನ್ನ ಹೆಸರು, ತಂದೆಯ ಹೆಸರು, ಆಳುವ ಊರಿನ ಹೆಸರು ಎಲ್ಲವನ್ನೂ ಗುಡುಗುತ್ತಾನೆ. ಜನ ಶಿಳ್ಳೆ ಹೊಡೆಯುವುದು ಅವನಿಗೆ. ಸಾರಥಿಗೆ ಯಾರೂ ಹೊಡೆಯುವುದಿಲ್ಲ, ಅದಕ್ಕೆ ನನಗೆ ಬೇಸರವೂ ಇರಲಿಲ್ಲ.

ನಮ್ಮೂರ ಬಂಡೆಯ ಮೇಲಿನ ಶಾಸನ ನೋಡಲು ದೂರದೂರದವರು ಬರುತ್ತಾರೆ. ಬೇರೆ ಕಡೆ ಬಿರುದಷ್ಟೇ ಕೆತ್ತಿಸಿ ಸುಮ್ಮನಾದ ರಾಜ ಮಸ್ಕಿಯಲ್ಲಿ ತನ್ನ ಹೆಸರನ್ನೇ ಹೇಳಿದ್ದಾನೆ ಎಂದು ಶಾಲೆಯಲ್ಲಿ ಮಾಸ್ತರು ದೊಡ್ಡ ಕಣ್ಣು ಮಾಡಿ ಹೇಳುತ್ತಿದ್ದರು. ನನಗೆ ಅದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. ಮಸ್ಕಿಯಲ್ಲಿ ಕೇಳುವವನೊಬ್ಬ ಇದ್ದಿರಬೇಕು.

ಇನ್ನು ಆ ಮನುಷ್ಯನ ವಿಷಯ. ಎಂಬತ್ತರ ದಶಕದಲ್ಲಿ ಒಂದು ಟೂರಿಂಗ್ ಟಾಕೀಸು ಮಸ್ಕಿಯಲ್ಲಿ ಕೆಲವು ತಿಂಗಳು, ಲಿಂಗಸುಗೂರಿನಲ್ಲಿ ಕೆಲವು ತಿಂಗಳು ಡೇರೆ ಹಾಕುತ್ತಿತ್ತು. ಮಾಲೀಕ ಅಗ್ಗಕ್ಕೆ ಸಿಕ್ಕ ಹಳೆಯ ಜಪಾನಿ ಚಿತ್ರಗಳನ್ನು ತರುತ್ತಿದ್ದ. ಸಮುದ್ರದಿಂದ ಮನೆಯೆತ್ತರದ ಮೃಗ ಎದ್ದು ಬರುವುದು, ಬೇರೆ ಗ್ರಹದವರು ಬೆಳ್ಳಿ ಬಣ್ಣದ ಬಟ್ಟೆ ತೊಟ್ಟು ಇಳಿಯುವುದು, ಪಟ್ಟಣ ಪುಡಿಯಾಗುವುದು. ಮಾತು ಇಂಗ್ಲಿಷಿನಲ್ಲಿತ್ತು. ಡೇರೆಯಲ್ಲಿ ಯಾರಿಗೂ ತಿಳಿಯುತ್ತಿರಲಿಲ್ಲ, ಯಾರಿಗೂ ಬೇಕಾಗಿಯೂ ಇರಲಿಲ್ಲ.

ಪ್ರತಿ ಚಿತ್ರದಲ್ಲೂ ಒಬ್ಬ ಸಣಕಲ ಮನುಷ್ಯ ಇರುತ್ತಿದ್ದ. ಒಮ್ಮೆ ಬೆಸ್ತ, ಒಮ್ಮೆ ಸಿಪಾಯಿ, ಒಮ್ಮೆ ಬಿಳಿ ಕೋಟಿನ ವಿಜ್ಞಾನಿ. ಮೃಗವನ್ನು ಎಲ್ಲರಿಗಿಂತ ಮೊದಲು ನೋಡುವವನು ಅವನೇ. ಬೆರಳು ತೋರಿಸಿ ಏನೋ ಕೂಗುತ್ತಿದ್ದ, ಸ್ವಲ್ಪ ಹೊತ್ತಿನಲ್ಲಿ ಸಾಯುತ್ತಿದ್ದ. ನಮ್ಮ ಜನ ಅವನಿಗೆ ಬೆರಳ ಮಾಸ್ತರ ಎಂದು ಹೆಸರಿಟ್ಟಿದ್ದರು. ಮೃಗದ ಬೆನ್ನ ಮೇಲಿನ ಹೊಲಿಗೆ ಎಳೆಕೂಸಿಗೂ ಕಾಣುತ್ತಿತ್ತು. ಆದರೆ ಅವನ ಕಣ್ಣು ನೋಡಿದರೆ ನನ್ನ ಬೆನ್ನು ತಣ್ಣಗಾಗುತ್ತಿತ್ತು. ಇವನೂ ನನ್ನ ಹಾಗೆ ಸಾರಥಿಯೇ ಎಂದು ನನಗೆ ಅನ್ನಿಸಿಬಿಟ್ಟಿತು. ಎದುರಿಗಿರುವವನು ಯಾರೆಂದು ಕೂಗಿ ಕೇಳುತ್ತಾನೆ, ಇವನು ಯಾರೆಂದು ಯಾರೂ ಕೇಳುವುದಿಲ್ಲ. ಲಿಂಗಸುಗೂರಿನಲ್ಲಿ ಒಮ್ಮೆ ರೀಲು ಹರಿದಾಗ ಆಪರೇಟರ್ ಕತ್ತರಿಸಿ ಎಸೆದ ತುಂಡಿನಲ್ಲಿ ಅವನ ಮುಖವಿತ್ತು. ಅದನ್ನು ಆರಿಸಿಕೊಂಡು ಅಡಿಕೆ ಡಬ್ಬಿಯಲ್ಲಿ ಇಟ್ಟುಕೊಂಡೆ. ಆಗಾಗ ಬಿಸಿಲಿಗೆ ಹಿಡಿದು ನೋಡುತ್ತಿದ್ದೆ.

ಇಂಥದ್ದರಲ್ಲಿ, ಟೋಕಿಯೋದಲ್ಲಿ ನಡೆಯುವ ಒಂದು ಉತ್ಸವಕ್ಕೆ ನಮ್ಮ ಮೇಳ ಬರಬೇಕೆಂದು ಕರೆ ಬಂತು. ರಾಕ್ಷಸನ ಪಾತ್ರ ಮಾಡುವ ಸಾಲಗುಂದದ ದ್ಯಾಮಣ್ಣ ಕುರಿ ಬಿಟ್ಟು ಓಡಿಬಂದ. ಅವನು ನನ್ನ ಭುಜದ ಮಟ್ಟಕ್ಕಿರುವ ಆಳು, ಕಿರೀಟ ಇಟ್ಟರೆ ಮಾತ್ರ ರಾಕ್ಷಸ.

"ಲೇ ಭದ್ರಾ, ಜಪಾನ ಅಂದ್ರ ನಿನ್ನ ಬೆರಳ ಮಾಸ್ತರನ ದೇಶ ಹೌದಲ್ಲೋ?"

"ಹೌದಲೇ. ಅವನ್ನ ನೋಡದ ನಾ ತಿರುಗಿ ಬರಂಗಿಲ್ಲ."

"ಬದುಕ್ಯಾನೋ ಇಲ್ಲೋ. ಎಷ್ಟ್ ಸಲ ಸತ್ತಾನ ಅವ!"

ಟೋಕಿಯೋ

ವಿಮಾನದ ಕಥೆ ಎಲ್ಲರೂ ಬರೆಯುತ್ತಾರೆ, ನಾನು ಬಿಟ್ಟುಬಿಡುತ್ತೇನೆ. ಹೆಂಡತಿ ಶರಣಮ್ಮ ಕಟ್ಟಿಕೊಟ್ಟ ಖಡಕ್ ರೊಟ್ಟಿಯನ್ನು ವಿಮಾನ ನಿಲ್ದಾಣದಲ್ಲಿ ಒಬ್ಬ ಜಪಾನಿ ಅಧಿಕಾರಿ ಬೆರಳಿನಿಂದ ತಟ್ಟಿ ನೋಡಿ, ಕಿವಿಯ ಹತ್ತಿರ ಮುರಿದು ಕೇಳಿ, ಬಹಳ ಮರ್ಯಾದೆಯಿಂದ ವಾಪಸು ಕೊಟ್ಟ ಎಂಬುದಷ್ಟನ್ನು ಹೇಳಿದರೆ ಸಾಕು.

ನಮಗೆ ದುಭಾಷಿಯಾಗಿ ಬಂದವಳು ಯುಮಿಕೊ ಎಂಬ ಹುಡುಗಿ. ಕಾಲೇಜಿನಲ್ಲಿ ಹಿಂದಿ ಕಲಿತವಳು. ನಾವು ನಿಜಾಮರ ಸೀಮೆಯವರು, ನಮ್ಮ ಬಾಯಲ್ಲಿ ಉರ್ದು ಇದ್ದೇ ಇದೆ. ಮೊದಲ ದಿನ ನಾನು ಚಹಾ ಬೇಡ ಎನ್ನಲು "ನಕ್ಕೋ" ಎಂದಾಗ ಆ ಪದ ಪುಸ್ತಕದಲ್ಲಿ ಇಲ್ಲವಲ್ಲ ಎಂದು ಗಾಬರಿಯಾದಳು. ಮೂರನೆಯ ದಿನ ಅವಳೇ ಎಲ್ಲದಕ್ಕೂ ನಕ್ಕೋ ಎನ್ನತೊಡಗಿದಳು.

ಅಲ್ಲಿಯ ಜನ ರೈಲು ಬರುವ ಮೊದಲೇ ಗೆರೆಯ ಮೇಲೆ ಸಾಲಾಗಿ ನಿಲ್ಲುತ್ತಾರೆ. ನಿಂತಲ್ಲೇ ನಿದ್ದೆ ಮಾಡುತ್ತಾರೆ, ತಮ್ಮ ಸ್ಟೇಷನ್ ಬಂದಾಗ ಸರಿಯಾಗಿ ಕಣ್ಣು ಬಿಡುತ್ತಾರೆ. ದ್ಯಾಮಣ್ಣನಿಗೆ ಗೊತ್ತಿರುವುದು ಸಿಂಧನೂರು ಬಸ್ ನಿಲ್ದಾಣದ ಪದ್ಧತಿ. ಬಾಗಿಲು ತೆರೆದ ಕೂಡಲೇ ಹೊರಗಿನಿಂದಲೇ ಹೆಗಲ ಟವೆಲ್ ತೆಗೆದು ಖಾಲಿ ಸೀಟಿನ ಮೇಲೆ ಎಸೆದ. ಎಸೆದು, ಇನ್ನು ಅವಸರವಿಲ್ಲ ಎನ್ನುವಂತೆ ಮೀಸೆ ತಿರುವಿದ. ಆ ಸೀಟಿನ ಪಕ್ಕ ಕೂತಿದ್ದ ಹೆಂಗಸು ಟವೆಲ್ ಎತ್ತಿಕೊಂಡಳು, ತೊಡೆಯ ಮೇಲಿಟ್ಟು ನಾಲ್ಕು ಮಡಿಕೆ ಮಾಡಿದಳು, ಎದ್ದು ಬಂದು ಎರಡೂ ಕೈಯಿಂದ ಅವನಿಗೆ ಕೊಟ್ಟು ಬಾಗಿದಳು. ದ್ಯಾಮಣ್ಣನೂ ಬಾಗಿದ. ಅವಳು ಮತ್ತೆ ಬಾಗಿದಳು. ಇವನು ಸೋಲುವ ಜಾತಿಯಲ್ಲ. ಇವರ ಬಾಗಾಟ ಮುಗಿಯುವಷ್ಟರಲ್ಲಿ ಸೀಟಿನಲ್ಲಿ ಬೇರೆಯವರು ಕೂತಿದ್ದರು.

ನಕ್ಕಿದ್ದು ಅಷ್ಟೇ. ಅಂದು ಮಧ್ಯಾಹ್ನ ರಂಗಮಂದಿರದಲ್ಲಿ ತಾಲೀಮು ನಡೆಯಿತು. ನಮ್ಮನ್ನು ಕರೆದುಕೊಂಡು ಬಂದಿದ್ದ ಅಧಿಕಾರಿ, ಅಂದರೆ ನಮ್ಮ ಸಾಹೇಬರು, ಕೈಗಡಿಯಾರ ನೋಡುತ್ತ ಕೂತಿದ್ದರು. ಬೆಳಗಿನ ತನಕ ನಡೆಯುವ ಆಟವನ್ನು ನಲವತ್ತು ನಿಮಿಷಕ್ಕೆ ಇಳಿಸಬೇಕಾಗಿತ್ತು. ಹಾಡು ಹೋಯಿತು, ಯುದ್ಧ ಅರ್ಧ ಹೋಯಿತು. ಆಮೇಲೆ ಅವರ ಕಣ್ಣು ನನ್ನ ಮೇಲೆ ಬಿತ್ತು.

"ಈ ಸಾರಥಿ ಏನು ಮಾಡ್ತಾನೆ?"

"ಕೇಳ್ತಾನ್ರಿ," ಎಂದ ದ್ಯಾಮಣ್ಣ.

"ಏನು ಕೇಳ್ತಾನೆ?"

"ನಾ ಯಾರಂತ ಕೇಳ್ತಾನ್ರಿ."

"ನೀವು ಯಾರು ಅಂತ ನೀವೇ ಹೇಳಿದರಾಯ್ತಲ್ಲ. ಐದು ನಿಮಿಷ ಉಳಿಯುತ್ತೆ. ಭದ್ರಪ್ಪನವರೇ, ನೀವು ಆರಾಮಾಗಿ ಮುಂದೆ ಕೂತು ಆಟ ನೋಡಿ."

ಇಷ್ಟು ದೂರ ವಿಮಾನದಲ್ಲಿ ಕೂಡಿಸಿಕೊಂಡು ಬಂದು, ಬಾಗಿಲಲ್ಲಿ ಚಪ್ಪಲಿ ಬಿಡಿಸಿದ ಹಾಗೆ ನನ್ನನ್ನು ಹೊರಗೆ ಬಿಟ್ಟರು. ಮೈ ಉರಿದುಹೋಯಿತು. ಆದರೆ ಸಾರಥಿಗೆ ಜಗಳದ ಮಾತು ಬರೆದಿಲ್ಲ, ಕೇಳುವುದಷ್ಟೇ ಬರೆದಿದೆ. ಸರಿ, ಕೇಳಬೇಕಾದವನನ್ನಾದರೂ ಹುಡುಕಿ ಕೇಳಿಯೇ ಹೋಗುತ್ತೇನೆ ಎಂದು ಅಲ್ಲೇ ನಿಂತು ನಿಶ್ಚಯ ಮಾಡಿದೆ.

ಪೋಸ್ಟರಿನ ಅಂಗಡಿ

ಯುಮಿಕೊಗೆ ಫಿಲ್ಮಿನ ತುಂಡು ತೋರಿಸಿದೆ. ಅವಳು ದೀಪಕ್ಕೆ ಹಿಡಿದು ನೋಡಿ ಹೆಸರು ಕೇಳಿದಳು. ಗೊತ್ತಿಲ್ಲ ಎಂದೆ. ಯಾವ ಚಿತ್ರ ಎಂದಳು. ಅದೂ ಗೊತ್ತಿಲ್ಲ ಎಂದೆ. ಹಾಗಾದರೆ ಹುಡುಕುವುದು ಹೇಗೆ ಎಂದಳು.

"ಮುಖ ಐತಲ್ಲವ್ವಾ. ಮುಖ ತೋರಿಸ್ಕೋತ ಹೋಗೂಣು."

ಹಾಗೆಯೇ ಹೋದೆವು. ನಾವಿಳಿದುಕೊಂಡಿದ್ದ ಹೋಟೆಲಿನ ಮುದುಕ ಕಾವಲುಗಾರ ತುಂಡು ನೋಡಿದ ಕೂಡಲೇ ಹಣೆ ಬಡಿದುಕೊಂಡು ನಕ್ಕ. ಚಿಕ್ಕಂದಿನಲ್ಲಿ ಈ ಮನುಷ್ಯನನ್ನು ಎಷ್ಟು ನೋಡಿದ್ದೆ, ಇವನು ಬೆರಳು ತೋರಿಸಿದರೆ ನಾವು ಕುರ್ಚಿಯ ಕೆಳಗೆ ಹೋಗುತ್ತಿದ್ದೆವು ಎಂದ. ಹೆಸರು ಮಾತ್ರ ಗೊತ್ತಿಲ್ಲ. ಅವನು ಹೇಳಿದ ಹಳೆ ಪುಸ್ತಕದ ಓಣಿಗೆ ಹೋದೆವು. ಅಲ್ಲಿಯವರೆಲ್ಲ ಮುಖ ಗುರುತಿಸಿದರು, ಒಬ್ಬೊಬ್ಬರು ಒಂದೊಂದು ಸಾವು ನೆನಪು ಮಾಡಿಕೊಂಡು ಅಭಿನಯಿಸಿ ತೋರಿಸಿದರು, ಹೆಸರಿಗೆ ಬಂದರೆ ಎಲ್ಲರೂ ತಲೆ ಕೆರೆದರು. ಯುಮಿಕೊ ಸುಸ್ತಾಗಿ ಸಾಕು ಎಂದಳು. ನಾನು ನಕ್ಕೋ ಎಂದೆ.

ಕೊನೆಗೆ ಹಳೆಯ ಸಿನಿಮಾ ಪೋಸ್ಟರು ಮಾರುವ ಒಂದು ಗೂಡಂಗಡಿ ಸಿಕ್ಕಿತು. ಅಂಗಡಿಯವನು ಪೋಸ್ಟರುಗಳನ್ನು ಹಾಸಿ ತೋರಿಸಿದ. ಮೃಗದ ಹೆಸರು ದೊಡ್ಡದಾಗಿ, ನಾಯಕನ ಹೆಸರು ಅದಕ್ಕಿಂತ ಚಿಕ್ಕದಾಗಿ ಇತ್ತು. ಓಡುವ ಗುಂಪಿನಲ್ಲಿ ಉಗುರಿನಷ್ಟು ಗಾತ್ರದಲ್ಲಿ ನಮ್ಮ ಬೆರಳ ಮಾಸ್ತರನಿದ್ದ, ಹೆಸರಿರಲಿಲ್ಲ. ಆದರೆ ಅಂಗಡಿಯವನು ಒಂದು ಉಪಕಾರ ಮಾಡಿದ. ಈ ಮನುಷ್ಯ ಬದುಕಿದ್ದಾನೆ, ನನ್ನ ಹೆಂಡತಿಯ ತವರೂರಿನಲ್ಲಿ ಮಗಳ ತೋಫು ಅಂಗಡಿಯಲ್ಲಿ ಕೂತಿರುತ್ತಾನೆ, ಹೆಸರು ನನಗೂ ಗೊತ್ತಿಲ್ಲ, ಅಲ್ಲಿ ಎಲ್ಲರೂ ಅಜ್ಜ ಎನ್ನುತ್ತಾರೆ ಎಂದ. ನಾನು ದೇವರಿಗೆ ಕೈ ಮುಗಿದೆ, ಅಂಗಡಿಯವನಿಗೂ ಮುಗಿದೆ.

ಮಾರನೆಯ ದಿನ ಆಟಕ್ಕೆ ಮುಂಚಿನ ಬಿಡುವಿನ ದಿನ. ಎಲ್ಲರೂ ಎತ್ತರದ ಗೋಪುರ ನೋಡಲು ಹೊರಟಿದ್ದರು. ಸಾಹೇಬರು ನನ್ನನ್ನು ತಡೆದರು.

"ಒಬ್ಬರೇ ಹೋಗಿ ತಪ್ಪಿಸಿಕೊಂಡರೆ ಯಾರು ಜವಾಬ್ದಾರಿ?"

"ಆಟದಾಗ ಇಲ್ಲದವ ತಪ್ಪಿಸ್ಕೊಂಡ್ರ ಯಾರಿಗೇನ್ ನುಕ್ಸಾನ್ರೀ ಸಾಹೇಬ್ರ?" ಎಂದೆ. ಮೆಟ್ಟಿಲಿಳಿದು ಹೋದೆ, ಕೆಳಗೆ ಯುಮಿಕೊ ನನಗಾಗಿ ಕಾಯುತ್ತಿದ್ದಳು.

ಕಡಲ ದಂಡೆಯ ಊರು

ರೈಲಿನ ಕಿಟಕಿಯಿಂದ ಭತ್ತದ ಗದ್ದೆ ಕಂಡು ಜೀವ ಹಗುರಾಯಿತು. ನಮ್ಮ ಕಡೆಯ ಗೊರೇಬಾಳದ ಗದ್ದೆಗಳೇ. ಹಾಗೇ ನೀರು, ಹಾಗೇ ಹಸಿರು. ಕಾಲುವೆ ನೀರು ತನ್ನ ಗದ್ದೆಗೆ ಮೊದಲು ಬರಲಿ ಎಂದು ಗುದ್ದಲಿ ಹಿಡಿದು ನಿಂತ ಮನುಷ್ಯ ಮಾತ್ರ ಎಲ್ಲೂ ಕಾಣಲಿಲ್ಲ. ನೀರು ತಾನೇ ಸಾಲಿನಲ್ಲಿ ನಿಂತು ಬರುತ್ತದೆಯೇನೋ.

ತೋಫು ಎಂದರೆ ನೋಡಲು ನಮ್ಮ ಗಿಣ್ಣ. ಬಾಯಿಗಿಟ್ಟರೆ ಬೆಲ್ಲವೂ ಇಲ್ಲ, ಏಲಕ್ಕಿಯೂ ಇಲ್ಲ. ಅಂಗಡಿಯ ಬಾಗಿಲಲ್ಲಿ ಮೋಟು ಕುರ್ಚಿಯ ಮೇಲೆ ಒಬ್ಬ ಮುದುಕ ಕೂತು ನೀರಿನ ತೊಟ್ಟಿಯಿಂದ ಅದನ್ನು ಎತ್ತಿ ಎತ್ತಿ ಕೊಡುತ್ತಿದ್ದ. ಕೂದಲು ಬೆಳ್ಳಗಾಗಿತ್ತು. ಕಣ್ಣು ಅವೇ.

ದಾರಿಯುದ್ದಕ್ಕೂ ಯುಮಿಕೊ ನನಗೆ ಹೇಗೆ ಬಾಗಬೇಕು, ಏನೆನ್ನಬೇಕು ಎಂದು ಕಲಿಸಿದ್ದಳು. ಅವನೆದುರು ನಿಂತ ಕೂಡಲೇ ಎಲ್ಲವೂ ಹಾರಿಹೋಯಿತು.  ನನಗೇ ತಿಳಿಯದೆ ಕೈಕಟ್ಟಿ, ಕತ್ತು ಓರೆ ಮಾಡಿ, ರಂಗದ ಗಂಟಲಿನಲ್ಲಿ ಕೇಳಿಬಿಟ್ಟೆ.

"ತಾವು ಧಾರು? ತಮ್ಮ ನಾಮಾಂಕಿತವೇನು?"

ತೋಫು ಕೊಳ್ಳಲು ಬಂದಿದ್ದ ಹೆಂಗಸರು ಎರಡು ಹೆಜ್ಜೆ ಹಿಂದೆ ಸರಿದರು. ಯುಮಿಕೊ ಕೆಂಪಾದಳು. ಊರಿಗೆ ಹುಡುಕಿಕೊಂಡು ಬಂದು ಹಿರಿಯನನ್ನು ನೀನು ಯಾರು ಎಂದು ಗದರುವುದೆಂದರೆ ಅಲ್ಲಿ ಬಹಳ ದೊಡ್ಡ ಅಪಚಾರವಂತೆ. ಆದರೆ ಮುದುಕ ಅವಳ ತೋಳು ಹಿಡಿದು, ಏನು ಕೇಳಿದ ಹೇಳು ಎಂದು ಒತ್ತಾಯ ಮಾಡಿದ. ಅವಳು ಹೇಳಿದಳು. ಅವನು ಕೈಯಲ್ಲಿದ್ದ ತೋಫನ್ನು ಮತ್ತೆ ತೊಟ್ಟಿಗೆ ಇಳಿಸಿದ. ಆಮೇಲೆ ನಮ್ಮನ್ನು ಒಳಗೆ ಕರೆದು, ನಮ್ಮಲ್ಲಿ ಮಕ್ಕಳಿಗೆ ಔಷಧಿ ಕುಡಿಸುವಂಥ ಬಟ್ಟಲಿನಲ್ಲಿ ಹಸಿರು ಚಹಾ ಕೊಟ್ಟ.

"ದಂಡೆಯ ಮೇಲಿನ ಬೆಸ್ತ," ಎಂದ. ಯುಮಿಕೊ ಒಂದೊಂದೇ ತಿಳಿಸುತ್ತ ಹೋದಳು. "ಅದು ಮೊದಲನೆಯದು. ಆಮೇಲೆ ಎರಡನೇ ಸಿಪಾಯಿ. ಎರಡನೇ ವಿಜ್ಞಾನಿ. ಹಡಗಿನಲ್ಲಿ ಮುಳುಗುವವನು. ಪತ್ರಿಕೆಯವನು. ಬೇರೆ ಗ್ರಹದ ಕಾವಲುಗಾರ."

ಅವನ ಜೀವನವೆಲ್ಲ ಅಷ್ಟೇ. ಸ್ಟುಡಿಯೋದಲ್ಲಿ ತಿಂಗಳ ಪಗಾರದ ನಟನಾಗಿದ್ದ. ಬೆಳಿಗ್ಗೆ ಹೋದರೆ ಯಾವ ಬಟ್ಟೆ ಕೊಡುತ್ತಾರೋ ಅದೇ ಅವನ ಪಾತ್ರ. ಗ್ರಹದ ಕಾವಲುಗಾರನಾದಾಗ ಗಾಜಿನ ಟೊಪ್ಪಿಗೆಯೊಳಗೆ ಉಸಿರೇ ಮಂಜು ಕಟ್ಟಿ, ಏನೂ ಕಾಣದೆ ಹಾರುವ ತಟ್ಟೆಯ ಬಾಗಿಲು ತಪ್ಪಿ ನೇರ ಕ್ಯಾಮೆರಾಗೇ ಹೋಗಿ ಗುದ್ದಿದ್ದನಂತೆ. ಮೃಗದ ವೇಷದೊಳಗಿದ್ದವನು ಸೆಕೆಗೆ ಎಚ್ಚರ ತಪ್ಪಿದಾಗ ಇವನೇ ಬೀಸಣಿಗೆ ಬೀಸಿದ್ದನಂತೆ. ಹೇಳುತ್ತ ಹೇಳುತ್ತ ಅವನ ಮುಖ ಹರೆಯದ್ದಾಯಿತು. ಹೆಸರು ಮಾತ್ರ ಅವನು ಹೇಳಲಿಲ್ಲ. ಎರಡನೇ ಸಲ ಕೇಳಲು ಯುಮಿಕೊ ಒಪ್ಪಲಿಲ್ಲ.

ನಾನು ಬೇರೆ ಪ್ರಶ್ನೆ ಕೇಳಿದೆ. "ಮೃಗ ಅಲ್ಲಿ ಇರ್ತಿದ್ದಿಲ್ಲಲ್ರೀ. ಮತ್ತ ಏನ್ ನೋಡಿ ಅಷ್ಟು ಅಂಜತಿದ್ರಿ?"

ಅವನು ಎದ್ದು ಮೂಲೆಯಲ್ಲಿದ್ದ ಬಿದಿರಿನ ಕೋಲು ತಂದ. ಚಿತ್ರ ತೆಗೆಯುವಾಗ ಒಬ್ಬ ಇಂಥ ಕೋಲಿನ ತುದಿಗೆ ಕೆಂಪು ಬಾವುಟ ಕಟ್ಟಿ ಎತ್ತಿ ಹಿಡಿಯುತ್ತಿದ್ದನಂತೆ. ಅದೇ ಮೃಗದ ಕಣ್ಣು, ಎಲ್ಲರೂ ಅದನ್ನೇ ನೋಡಬೇಕು. ಎಲ್ಲರೂ ನೋಡುತ್ತಿದ್ದರು.

"ನಾನು ಬಾವುಟದ ಮೇಲೆ ಒಂದು ಗೇಣು ಜಾಗ ಬಿಟ್ಟು ನೋಡುತ್ತಿದ್ದೆ," ಎಂದ. "ಹೆದರಿದವನಿಗೆ ಎದುರಿಗಿರುವುದು ಇದ್ದದ್ದಕ್ಕಿಂತ ಎತ್ತರ ಕಾಣಬೇಕು. ವೇಷದವನ ಎತ್ತರ ಇಷ್ಟೇ. ಉಳಿದದ್ದನ್ನು ನಾವು ಬೆಳೆಸಬೇಕು."

ನಾನು ಅವನ ಕಾಲು ಮುಟ್ಟಿದೆ. ಎಷ್ಟೋ ವರ್ಷ ದ್ಯಾಮಣ್ಣನ ಎದುರು ನಿಂತು ಅವನ ಮೂಗನ್ನೇ ನೋಡುತ್ತ ಕೇಳಿದ್ದೆನಲ್ಲ, ಅವನು ಕುಳ್ಳನಾಗಿಯೇ ಉಳಿದಿದ್ದರಲ್ಲಿ ಏನು ಆಶ್ಚರ್ಯ.

ನಮ್ಮ ಆಟದ ಬಗ್ಗೆ ಅವನು ಕೇಳಿದ. ಸಾರಥಿಯ ಪದ್ಧತಿ ಹೇಳಿದೆ. ನಾಳೆಯ ಆಟಕ್ಕೆ ಬರಬೇಕು, ನಾನು ಆಟದಲ್ಲಿ ಇಲ್ಲ, ನಿಮ್ಮ ಪಕ್ಕದಲ್ಲೇ ಕೂತಿರುತ್ತೇನೆ ಎಂದೆ.

"ಹಾಗಾದರೆ ಅವನನ್ನು ಯಾರು ಕೇಳುತ್ತಾರೆ?"

"ಯಾರೂ ಇಲ್ರಿ."

ಮುದುಕ ಬರುತ್ತೇನೆ ಎಂದ. ಬಟ್ಟಲು ಬರಿದಾಗಿದ್ದರೂ ಇನ್ನೊಮ್ಮೆ ತುಟಿಗೆ ಹಿಡಿದ.

ಮತ್ತೆ ಟೋಕಿಯೋ

ಆಟದ ಹೊತ್ತಿಗೆ ಅವನು ಇಸ್ತ್ರಿ ಮಾಡಿದ ಕೋಟು ತೊಟ್ಟು ಬಂದ. ನಾವು ಮೂರನೆಯ ಸಾಲಿನಲ್ಲಿ ಕೂತೆವು. ಸಾಹೇಬರು ನನ್ನ ಹಿಂದೆಯೇ ಕೂತರು. ನನ್ನ ಮೇಲೆ ಅವರಿಗೆ ನಂಬಿಕೆ ಇರಲಿಲ್ಲ. ನನಗೂ ಇರಲಿಲ್ಲ.

ಮದ್ದಳೆಗೆ ಪೆಟ್ಟು ಬಿತ್ತು. ದ್ಯಾಮಣ್ಣ ಬಂದ. ಭುಜಕೀರ್ತಿ ಹೊಳೆಯುತ್ತಿತ್ತು, ಗೆಜ್ಜೆ ಗುಡುಗುತ್ತಿತ್ತು. ಒಂದು ಸುತ್ತು ಕುಣಿದು ನಡುವೆ ನಿಂತ. ಈಗ ಅವನು ಹೆಸರು ಹೇಳಬೇಕು. ಹೇಳಲಿಲ್ಲ. ಇನ್ನೊಂದು ಸುತ್ತು ಕುಣಿದ. ಮತ್ತೆ ನಿಂತ, ಬಾಯಿ ತೆರೆದ, ಮುಚ್ಚಿದ.

ತಾಲೀಮಿನಲ್ಲಿ ಅಂಗಿ ತೊಟ್ಟು ನಿಂತಾಗ ಅವನು ತನ್ನ ಹೆಸರನ್ನು ಸರಾಗವಾಗಿ ಹೇಳಿದ್ದ. ಆದರೆ ಅದು ಸಾಲಗುಂದದ ದ್ಯಾಮಣ್ಣ ಹೇಳಿದ್ದು. ಬಣ್ಣ ಹಚ್ಚಿ ಕಿರೀಟ ಇಟ್ಟ ಮೇಲೆ ಅಲ್ಲಿ ನಿಂತವನು ರಾಕ್ಷಸ. ಕೇಳದೆ ಹೆಸರು ಹೇಳಿಕೊಳ್ಳಲು ಆ ರಾಕ್ಷಸನಿಗೆ ನಾಲಿಗೆ ಏಳಲಿಲ್ಲ. ಮೂರನೆಯ ಸುತ್ತು ಕುಣಿಯುವಾಗ ಅವನ ಬೆವರು ಬಣ್ಣದೊಳಗಿಂದ ಇಳಿಯುವುದು ನನಗೆ ಕಂಡಿತು. ಸಭೆಯಲ್ಲಿ ಕೆಮ್ಮು ಎದ್ದಿತು. ನಾನು ಕುರ್ಚಿಯಿಂದ ಎದ್ದೆ. ಹಿಂದಿನಿಂದ ಒಂದು ಕೈ ನನ್ನ ಹೆಗಲ ಮೇಲೆ ಕೂತಿತು.

"ಕೂತ್ಕೊಳ್ಳಿ ಭದ್ರಪ್ಪನವರೇ."

"ಬಿಡ್ರಿ ಸಾಹೇಬ್ರ. ಅವ ಸಾಯಾಕತ್ತಾನ ಅಲ್ಲಿ."

ಅಷ್ಟರಲ್ಲಿ ನನ್ನ ಪಕ್ಕದ ಕುರ್ಚಿ ಸದ್ದು ಮಾಡಿತು. ಮುದುಕ ಎದ್ದು ನಿಂತಿದ್ದ. ಹಿಂದಕ್ಕೆ ಒಂದು ಹೆಜ್ಜೆ ಇಟ್ಟ. ಮುಖದ ರಕ್ತ ಇಳಿದುಹೋಯಿತು, ತುಟಿ ನಡುಗಿತು, ತೋಳು ನಿಧಾನವಾಗಿ ಎದ್ದು ಬೆರಳು ರಂಗದ ಕಡೆ ಚಾಚಿತು. ಅವನ ಕಣ್ಣು ದ್ಯಾಮಣ್ಣನ ಮುಖದ ಮೇಲಿರಲಿಲ್ಲ. ಕಿರೀಟದ ಮೇಲೆ ಒಂದು ಗೇಣು ಎತ್ತರದಲ್ಲಿತ್ತು. ಆಮೇಲೆ ಕೂಗಿದ. ಎಲ್ಲ ಚಿತ್ರಗಳಲ್ಲೂ ಕೂಗಿದ ಅದೇ ಕೂಗು, ಈ ಸಲ ಅವನದೇ ದನಿಯಲ್ಲಿ, ಜಪಾನಿಯಲ್ಲಿ. ಅಲ್ಲಿ ಯಾರದು, ಯಾರು ನೀನು ಎಂದು ಅದರ ಅರ್ಥವೆಂದು ಯುಮಿಕೊ ಆಮೇಲೆ ಹೇಳಿದಳು.

ಇಡೀ ಸಭೆ ಅವನ ಕಣ್ಣು ಹಿಡಿದು ಮೇಲೆ ನೋಡಿತು. ನಾನೂ ನೋಡಿದೆ. ಅಮ್ಮನಾಣೆ ಹೇಳುತ್ತೇನೆ, ದ್ಯಾಮಣ್ಣ ಬೆಳೆದಿದ್ದ.

ದ್ಯಾಮಣ್ಣನಿಗೆ ಜಪಾನಿ ಬರುವುದಿಲ್ಲ. ಆದರೆ ಕೇಳಿದ ದನಿ ಎಂಥದ್ದೆಂದು ಅವನಿಗೆ ತಿಳಿಯಿತು. ಎದೆಯುಬ್ಬಿಸಿ ತನ್ನ ಹೆಸರು, ತಂದೆಯ ಹೆಸರು, ಆಳುವ ಊರು, ಗೆದ್ದ ಲೋಕ ಎಲ್ಲವನ್ನೂ ಮಂದಿರದ ಗೋಡೆ ಅದುರುವಂತೆ ಗುಡುಗಿದ. ಗುಡುಗಿ ಮುಗಿಸಿ ಮೂರನೆಯ ಸಾಲಿನ ಕಡೆ ಕತ್ತಿ ತೋರಿಸಿದ.

"ಭಲಾ ಸಾರಥಿ!"

"ಅಪ್ಪಣೆಯಾಗಬೇಕು ಪ್ರಭೋ!" ಎಂದೆ. ಹೆಗಲ ಮೇಲಿನ ಕೈ ಯಾವಾಗ ಜಾರಿತೋ ಗೊತ್ತಿಲ್ಲ, ರಂಗ ಹತ್ತಿದೆ. ಸ್ವೆಟರ್ ತೊಟ್ಟ ಸಾರಥಿಯನ್ನು ದೊಡ್ಡಾಟ ಅಂದೇ ಮೊದಲು ಕಂಡದ್ದು. ಅಂದು ನಲವತ್ತು ನಿಮಿಷದ ಲೆಕ್ಕ ಯಾರೂ ಇಡಲಿಲ್ಲ, ಸಾಹೇಬರೂ ಕೈಗಡಿಯಾರ ನೋಡಲಿಲ್ಲ.

ಮಂಗಳ ಹಾಡಿ ಮುಗಿದು ಜನ ಚಪ್ಪಾಳೆ ತಟ್ಟುತ್ತಿದ್ದರು. ನಾನು ರಂಗದ ಅಂಚಿಗೆ ಬಂದು ಕೈಯೆತ್ತಿದೆ. ಸದ್ದು ನಿಂತಿತು. ಮೂರನೆಯ ಸಾಲಿನ ಕೋಟಿನ ಮನುಷ್ಯನ ಕಡೆ ತಿರುಗಿ ಕೈಕಟ್ಟಿದೆ. ಈ ಸಲ ಅವನ ಮುಖ ನೋಡಲಿಲ್ಲ. ಅವನ ಬಿಳಿ ತಲೆಯ ಮೇಲೆ ಒಂದು ಗೇಣು ಬಿಟ್ಟು ನೋಡಿದೆ.

"ತಾವು ಧಾರು? ತಮ್ಮ ನಾಮಾಂಕಿತವೇನು?"

ಯುಮಿಕೊ ಬಾಯಿ ತೆರೆದಳು. ಮುದುಕ ಅವಳಿಗೆ ಬೇಡವೆಂದು ಸನ್ನೆ ಮಾಡಿದ. ಎದ್ದ. ಕೋಟಿನ ಗುಂಡಿ ಹಾಕಿಕೊಂಡ.  ತನ್ನ ಹೆಸರು, ತಂದೆಯ ಹೆಸರು, ಕಡಲ ದಂಡೆಯ ಆ ಊರಿನ ಹೆಸರು ಒಂದೊಂದಾಗಿ ಹೇಳಿದ. ಮೊದಲು ಮೆಲ್ಲಗೆ ಹೇಳಿದ. ನಾನು ಕೇಳಿಸಲಿಲ್ಲ ಎಂದು ಕಿವಿಗೆ ಕೈ ಇಟ್ಟೆ. ಎರಡನೆಯ ಸಲ ಗುಡುಗಿದ.

ಮಸ್ಕಿ

ಮುಂದಿನ ಬೇಸಿಗೆಯಲ್ಲಿ ಟಾಕೀಸಿನವರು ಮತ್ತೆ ಡೇರೆ ಹಾಕಿದರು. ಮನೆಗಳಿಗೆ ಟೀವಿ ಬಂದು ಜನ ಕಡಿಮೆಯಾಗಿದ್ದರೂ ಮೃಗದ ಚಿತ್ರ ಎಂದಾಗ ಸಂತೆಕಲ್ಲೂರಿನ ತನಕದ ಮಂದಿ ಬಂದು ಕೂತಿದ್ದರು. ನಾನೂ ದ್ಯಾಮಣ್ಣನೂ ಮುಂದೆ ಉಸುಕಿನ ಮೇಲೆ ಕೂತೆವು. ಪರದೆಯ ಮೇಲೆ ಸಮುದ್ರ ಬಂತು. ದಂಡೆಯ ಮೇಲೆ ಬಲೆ ಹಿಡಿದ ಬೆಸ್ತ ಬಂದ, ಹರೆಯದವನು. ತಲೆ ಎತ್ತಿದ, ಹಿಂದೆ ಸರಿದ, ಬೆರಳು ಚಾಚಿದ.

"ಏಯ್, ಬೆರಳ ಮಾಸ್ತರ ಬಂದಾನಲೇ!" ಎಂದು ಯಾರೋ ಕೂಗಿದರು.

ನಾನು ಎದ್ದು ನಿಂತು ಪರದೆಯ ಕಡೆ ತಿರುಗಿ ಕೈಕಟ್ಟಿದೆ.

"ತಾವು ಧಾರು? ತಮ್ಮ ನಾಮಾಂಕಿತವೇನು?"

 ದ್ಯಾಮಣ್ಣ ನನ್ನ ಪಕ್ಕಕ್ಕೆ ಎದ್ದು ಬಂದು, ರಾಕ್ಷಸನ ಗಂಟಲಿನಲ್ಲಿ, ಅವನ ಪರವಾಗಿ ಉತ್ತರ ಕೊಟ್ಟ.

"ನಿಶಿಗಾಕಿ ತೊಮೆಜೋ!"